ಸಂಕಲನವೇ ನಿರ್ದೇಶನ: ಫ್ರೆಡರಿಕ್ ವೈಸ್‌ಮನ್ ಅವರ ಸಾಕ್ಷ್ಯಚಿತ್ರಗಳು

ಕನ್ನಡದಲ್ಲಿ ‘ಸಂಕಲನ’ ಎಂಬ ಪದಕ್ಕೆ ಎರಡು ಬಳಕೆಗಳಿವೆ. ಕವಿತೆ, ಕತೆಗಳನ್ನು ಒಂದೆಡೆ ಸೇರಿಸಿದ ಪುಸ್ತಕವೂ ಸಂಕಲನ. ಚಿತ್ರಿಸಿಕೊಂಡ ದೃಶ್ಯಗಳನ್ನು ಆಯ್ದು ಜೋಡಿಸುವ ಕೆಲಸವೂ ಸಂಕಲನ. ಅಮೆರಿಕದ ಸಾಕ್ಷ್ಯಚಿತ್ರಕಾರ ಫ್ರೆಡರಿಕ್ ವೈಸ್‌ಮನ್ ಅವರಲ್ಲಿ ಈ ಎರಡನೆಯ ಕೆಲಸವೇ ನಿರ್ದೇಶನದ ಮುಖ್ಯ ಭಾಗವಾಗಿದೆ.

1930ರಲ್ಲಿ ಬಾಸ್ಟನ್ನಿನಲ್ಲಿ ಜನಿಸಿದ ವೈಸ್‌ಮನ್ ಕಾನೂನು ಬೋಧಕರಾಗಿದ್ದವರು. ವಿದ್ಯಾರ್ಥಿಗಳೊಡನೆ ಭೇಟಿ ನೀಡುತ್ತಿದ್ದ ಬ್ರಿಡ್ಜ್‌ವಾಟರಿನ ಮಾನಸಿಕ ಅಸ್ವಸ್ಥ ಕೈದಿಗಳ ಸೆರೆಮನೆಯೇ ಅವರ ಮೊದಲ ಚಿತ್ರ ‘ಟಿಟಿಕಟ್ ಫಾಲೀಸ್’ಗೆ (1967) ವಸ್ತುವಾಯಿತು. ಛಾಯಾಗ್ರಾಹಕ ಜಾನ್ ಮಾರ್ಷಲ್ ಅದಕ್ಕೆ ಮೊದಲೇ ಕಲಹಾರಿಯ ಬೇಟೆಗಾರ ಸಮುದಾಯವನ್ನು ಚಿತ್ರೀಕರಿಸಿ ಹೆಸರಾದವರು. ಅನ್ನ ಬಿಟ್ಟ ಕೈದಿಯೊಬ್ಬನಿಗೆ ವೈದ್ಯನೊಬ್ಬ ಬಾಯಲ್ಲಿ ಸಿಗರೇಟು ಕಚ್ಚಿಕೊಂಡೇ ಮೂಗಿನ ಕೊಳವೆಯಿಂದ ಆಹಾರ ಇಳಿಸುವ ದೃಶ್ಯ ಇದರಲ್ಲಿದೆ. ಅದರ ನಡುನಡುವೆ ಅದೇ ವ್ಯಕ್ತಿಯ ಶವವನ್ನು ಸಂಸ್ಕಾರಕ್ಕೆ ಅಣಿಗೊಳಿಸುವ ತುಣುಕುಗಳನ್ನು ಹೆಣೆಯಲಾಗಿದೆ. ಬದುಕಿದ್ದಾಗ ಸಿಗದ ಆರೈಕೆ ಸತ್ತ ಮೇಲೆ ಸಿಕ್ಕಿತೆಂಬುದು ಅಲ್ಲಿಯ ಧ್ವನಿ. ಈ ಜೋಡಣೆ ಅತಿಯಾಯಿತೆಂದು ಮುಂದೆ ವೈಸ್‌ಮನ್ ಅವರೇ ಹೇಳಿದ್ದುಂಟು.

ಕೈದಿಗಳ ಖಾಸಗಿತನದ ಹೆಸರಿನಲ್ಲಿ ಮ್ಯಾಸಚೂಸೆಟ್ಸ್ ನ್ಯಾಯಾಲಯ ಚಿತ್ರದ ಸಾರ್ವಜನಿಕ ಪ್ರದರ್ಶನವನ್ನು ನಿಷೇಧಿಸಿತು. 1969ರ ತೀರ್ಪು ವೈದ್ಯರು, ವಕೀಲರು, ವಿದ್ಯಾರ್ಥಿಗಳು ಮೊದಲಾದವರಿಗಷ್ಟೇ ಅವಕಾಶವಿತ್ತಿತು; ನಿರ್ಬಂಧ ತೆರವಾದುದು 1991ರಲ್ಲಿ. ಸರ್ಕಾರ ತನ್ನ ಮುಖ ಉಳಿಸಿಕೊಳ್ಳಲು ಹೊರಟಿತೆಂಬ ಆರೋಪದಲ್ಲಿ ಹುರುಳಿದೆ. ಆದರೆ ಒಪ್ಪಿಗೆ ಕೊಡುವ ಸ್ಥಿತಿಯಲ್ಲೇ ಇಲ್ಲದವರ ಬೆತ್ತಲೆ ದೇಹವನ್ನು ತೋರಿಸುವ ಹಕ್ಕು ಯಾರದು ಎಂಬ ಪ್ರಶ್ನೆಯೂ ಸುಳ್ಳಲ್ಲ. ಕ್ಷೇತ್ರಕಾರ್ಯದಲ್ಲಿ ಧ್ವನಿಮುದ್ರಣ ಮಾಡಿದ ಜಾನಪದ ವಿದ್ವಾಂಸರೆಲ್ಲರೂ ಒಂದಲ್ಲ ಒಂದು ರೂಪದಲ್ಲಿ ಇದನ್ನು ಎದುರಿಸಿದ್ದಾರೆ.

ಫಿಲಡೆಲ್ಫಿಯಾದ ಶಾಲೆಯೊಂದನ್ನು ಕುರಿತ ‘ಹೈಸ್ಕೂಲ್’ನಲ್ಲಿ (1968) ಸಂಕಲನದ ಹಾದಿ ಬೇರೆ. ಚಿತ್ರದುದ್ದಕ್ಕೂ ಶಿಸ್ತು, ಬೈಗುಳ, ವಿಧೇಯತೆಯ ಪಾಠ. ಕೊನೆಯಲ್ಲಿ ಪ್ರಾಂಶುಪಾಲೆ ವಿಯೆಟ್ನಾಮ್ ಯುದ್ಧಕ್ಕೆ ಹೊರಟ ಹಳೆಯ ವಿದ್ಯಾರ್ಥಿಯ ಪತ್ರವನ್ನು ಅಧ್ಯಾಪಕರ ಸಭೆಯಲ್ಲಿ ಓದುತ್ತಾರೆ. ತಾನು ಕೆಲಸ ಮಾಡುವ ಬರಿಯ ದೇಹವೆಂದು ಆತ ಬರೆದಿದ್ದಾನೆ. ಪತ್ರ ಶಾಲೆಯ ಯಶಸ್ಸಿಗೆ ಸಾಕ್ಷಿಯೆಂದು ಆಕೆ ಹೆಮ್ಮೆಪಡುತ್ತಾರೆ. ಚಿತ್ರ ಅಲ್ಲಿಗೆ ಮುಗಿಯುತ್ತದೆ. ಅದೇ ಪತ್ರ ಆರಂಭದಲ್ಲಿ ಬಂದಿದ್ದರೆ ಆಕೆಯ ಹೆಮ್ಮೆಯೇ ಪ್ರೇಕ್ಷಕರ ಹೆಮ್ಮೆಯೂ ಆಗಬಹುದಿತ್ತು.

ನಿರೂಪಣೆ, ಸಂದರ್ಶನ, ಹಿನ್ನೆಲೆ ಸಂಗೀತ ಯಾವುದೂ ಇಲ್ಲದ ಈ ಚಿತ್ರಗಳಲ್ಲಿ ಅರ್ಥವನ್ನು ಕ್ರಮವೇ ಹೊರಬೇಕು. ಚಿತ್ರೀಕರಣ ಕೆಲವು ವಾರಗಳದು. ಆಗ ವೈಸ್‌ಮನ್ ಧ್ವನಿಗ್ರಹಣದ ಹೊಣೆ ಹೊರುತ್ತಿದ್ದರು. ಸಂಕಲನ ಹಲವು ತಿಂಗಳುಗಳದು. ರಾತ್ರಿಯಿಡೀ ಹಾಡಿದ ಜನಪದ ಮಹಾಕಾವ್ಯವನ್ನು ಮುದ್ರಣಕ್ಕೆ ಅಣಿಗೊಳಿಸುವ ಸಂಪಾದಕನ ಶ್ರಮಕ್ಕೆ ಇದು ಸಮೀಪದ್ದು. ಕೈಬಿಟ್ಟದ್ದೇನೆಂಬುದು ಓದುಗನಿಗೂ ನೋಡುಗನಿಗೂ ಕಾಣದು.

ನ್ಯೂಯಾರ್ಕ್ ಸಾರ್ವಜನಿಕ ಗ್ರಂಥಾಲಯವನ್ನು ಕುರಿತ, 197 ನಿಮಿಷಗಳ ‘ಎಕ್ಸ್ ಲಿಬ್ರಿಸ್’ನಲ್ಲಿ (2017) ಸಿಬ್ಬಂದಿಯೊಬ್ಬರು ದೂರವಾಣಿಯಲ್ಲಿ ಏಕಶೃಂಗಿ ಕಾಲ್ಪನಿಕ ಪ್ರಾಣಿಯೆಂದು ತಾಳ್ಮೆಯಿಂದ ವಿವರಿಸುತ್ತಾರೆ. ಆ ತಾಳ್ಮೆಯೂ, ಅನುದಾನವನ್ನು ಲೆಕ್ಕ ಹಾಕುವ ಆಡಳಿತಗಾರರ ಸಭೆಗಳೂ ಚಿತ್ರದಲ್ಲಿ ಸಮಾನ ಗೌರವದಿಂದ ಸ್ಥಾನ ಪಡೆದಿವೆ.