ಎದೆಯೊಳಗೊಂದು ದೀಪ, ಕೆರೆಯಲ್ಲಿ ಅದರ ಕಿಡಿ

ಹೋದ ವಾರ ಹಾಸ್ಟೆಲ್ಲಿನಲ್ಲಿ ನಾವೊಂದಿಷ್ಟು ಜನ ‘ಅವತಾರ್’ ಸಿನಿಮಾ ಮತ್ತೆ ನೋಡಿದೆವು. 2009ರ ಚಿತ್ರವಾದರೂ ಅದರ ಜಡೆಯ ಬಗ್ಗೆ ಚರ್ಚೆ ಮುಗಿಯೋದೇ ಇಲ್ಲ. ಪಂಡೋರಾದ ಜನ ಜಡೆಯ ತುದಿಯ ನರಗಳನ್ನು ಪ್ರಾಣಿಯ ನರಗಳಿಗೆ ಸೇರಿಸಿದರೆ ಸಾಕು, ಕನೆಕ್ಷನ್ ರೆಡಿ. ಯುಎಸ್‌ಬಿ ಚುಚ್ಚಿದಷ್ಟೇ ಸಲೀಸು! ಆಗ ನಮ್ಮಲ್ಲೊಬ್ಬ ಕೇಳಿದ: “ಇನ್ನೊಂದು ಜೀವವನ್ನೇ ಒಳಗೆ ಸಾಕಿಕೊಳ್ಳೋ ಅಂಗ ನಮಗಿದ್ದು, ಇಡೀ ನಾಗರಿಕತೆ ಅದರ ಮೇಲೇ ನಿಂತಿದ್ದರೆ ಹೇಗಿರ್ತಿತ್ತು?”

ಉತ್ತರ ಹುಡುಕೋಕೆ ಬೇರೆ ಗ್ರಹ ಬೇಕಿಲ್ಲ. ಅಂಥ ಅಂಗ ಹವಾಯಿ ದ್ವೀಪಗಳ ಆಳವಿಲ್ಲದ ಕಡಲಿನಲ್ಲೇ ಇದೆ.

ಅಸಲಿ ಡಿಸೈನ್

ನಮ್ಮ ಕರಾವಳಿಯ ಗೆಳೆಯರು ಬೊಂಡಾಸ ಅಂತಾರಲ್ಲ, ಅದರ ದೂರದ ಸಂಬಂಧಿ ಹವಾಯಿಯ ಬಾಬ್‌ಟೇಲ್ ಸ್ಕ್ವಿಡ್. ಹೆಬ್ಬೆರಳಿನಷ್ಟು ಪುಟ್ಟ ಜೀವಿ. ಹಗಲಿಡೀ ಮರಳಲ್ಲಿ ಹೂತು ಮಲಗಿ, ರಾತ್ರಿ ಬೇಟೆಗೆ ಹೊರಡುತ್ತದೆ. ಆದರೆ ಬೆಳದಿಂಗಳಲ್ಲಿ ಈಜುವಾಗ ಕೆಳಗಿರುವ ಮೀನಿಗೆ ಅದರ ಕಪ್ಪು ಆಕಾರ ಎದ್ದು ಕಾಣುತ್ತದೆ. ಇದಕ್ಕೆ ಪರಿಹಾರ ಅದರ ಹೊಟ್ಟೆಯ ಕಡೆಗಿರುವ ಬೆಳಕಿನ ಅಂಗ. ಮೇಲಿನಿಂದ ಬೀಳುವ ಬೆಳದಿಂಗಳಿಗೆ ಹೊಂದುವಷ್ಟು ಬೆಳಕನ್ನು ಕೆಳಗೆ ಚೆಲ್ಲಿದರೆ ಆಕಾರ ಕರಗಿಹೋಗುತ್ತದೆ.

ಈ ಬೆಳಕು ಸ್ಕ್ವಿಡ್‌ದಲ್ಲ, ಒಳಗೆ ವಾಸಿಸುವ ವಿಬ್ರಿಯೊ ಫಿಶೆರಿ ಎಂಬ ಬ್ಯಾಕ್ಟೀರಿಯಾದ್ದು. ಸ್ಕ್ವಿಡ್ ಕೊಡೋದು ಮನೆ ಮತ್ತು ಊಟ. ಜೊತೆಗೆ ಬೆಳಕನ್ನು ತಿರುಗಿಸಲು ಪ್ರತಿಫಲಕ, ಹರಡಲು ಲೆನ್ಸ್, ಹೆಚ್ಚು ಕಡಿಮೆ ಮಾಡಲು ಶಾಯಿ ಚೀಲವೇ ಶಟರ್. ಪಕ್ಕಾ ಆಪ್ಟಿಕಲ್ ಸಿಸ್ಟಮ್!

ಬ್ಯಾಕ್ಟೀರಿಯಾಗಳೂ ಸುಮ್ಮನೆ ಬೆಳಗುವುದಿಲ್ಲ. ಪ್ರತಿಯೊಂದೂ ಒಂದು ರಾಸಾಯನಿಕ ಸಂಕೇತವನ್ನು ಹೊರಬಿಡುತ್ತದೆ. ಜನಸಂಖ್ಯೆ ಹೆಚ್ಚಿ ಆ ಸಂಕೇತ ಒಂದು ಮಟ್ಟ ದಾಟಿದಾಗ ಮಾತ್ರ ಎಲ್ಲವೂ ಒಟ್ಟಿಗೆ ಬೆಳಗುತ್ತವೆ. ಸಭೆ ನಡೆಯಲು ಕೋರಂ ಬೇಕಲ್ವಾ, ಹಾಗೇ. ಇದಕ್ಕೆ ಹೆಸರೂ ಕೋರಂ ಸೆನ್ಸಿಂಗ್ ಅಂತಲೇ. ಈ ಬ್ಯಾಕ್ಟೀರಿಯಾದ ಬೆಳಕಿಗೆ ಇಂಥ ನಿಯಂತ್ರಣ ಇದೆಯೆಂದು ನೀಲ್ಸನ್, ಹೇಸ್ಟಿಂಗ್ಸ್ ಮತ್ತು ಸಂಗಡಿಗರು 1970ರಲ್ಲಿ ತೋರಿಸಿಕೊಟ್ಟರು.

ಇನ್ನೂ ಮೂರು ನಿಯಮಗಳಿವೆ. ಒಂದು, ಬೆಳಗದೆ ಬಿಟ್ಟಿ ಊಟ ಮಾಡುವ ಬ್ಯಾಕ್ಟೀರಿಯಾ ಅಂಗದೊಳಗೆ ಹೆಚ್ಚು ದಿನ ಉಳಿಯಲ್ಲ. ಎರಡು, ಪ್ರತಿದಿನ ಬೆಳಗಿನ ಜಾವ ಸ್ಕ್ವಿಡ್ ಸುಮಾರು ಶೇ. 95ರಷ್ಟು ಬ್ಯಾಕ್ಟೀರಿಯಾಗಳನ್ನು ಸಮುದ್ರಕ್ಕೆ ಬಿಟ್ಟುಬಿಡುತ್ತದೆ. ಉಳಿದವು ರಾತ್ರಿಯೊಳಗೆ ಮತ್ತೆ ತುಂಬಿಕೊಳ್ಳುತ್ತವೆ. ಮೂರು, ಮರಿಗಳು ಬ್ಯಾಕ್ಟೀರಿಯಾ ಇಲ್ಲದೆ ಕತ್ತಲಾಗಿಯೇ ಹುಟ್ಟುತ್ತವೆ. ಕೆಲವೇ ಗಂಟೆಗಳಲ್ಲಿ ಸುತ್ತಲಿನ ನೀರಿನಿಂದ ಅವನ್ನು ಆರಿಸಿ ಒಳಗೆ ಕರೆದುಕೊಳ್ಳುತ್ತವೆ.

ಈಗ ಊರು ಕಟ್ಟೋಣ

ಇವೇ ನಿಯಮಗಳನ್ನು ಇಟ್ಟುಕೊಂಡು, ಎದೆಯಲ್ಲಿ ದೀಪವಿರುವ ಒಂದು ಜನಾಂಗವನ್ನು ಕಲ್ಪಿಸಿಕೊಳ್ಳೋಣ. ಅವರಿಗೆ ಬೀದಿ ದೀಪ ಬೇಕಿಲ್ಲ. ಓದು, ಮಾತು, ಸಂತೆ ಎಲ್ಲವೂ ಎದೆಯ ಬೆಳಕಿನಲ್ಲೇ. ಹಾಗಾದರೆ ಊರಿನ ಮುಖ್ಯ ಜಾಗ ಯಾವುದು? ಅರಮನೆ, ಪವರ್ ಹೌಸ್ ಅಂತ ನಾವು ಮೊದಲು ಅಂದುಕೊಂಡೆವು. ನಿಯಮಗಳನ್ನು ಇನ್ನೊಮ್ಮೆ ಓದಿದಾಗ ಗೊತ್ತಾಯ್ತು: ಕೆರೆ.

ದಿನಾ ಬೆಳಗಿನ ಜಾವ ಊರವರೆಲ್ಲ ಕೆರೆಗೆ ಇಳಿದು ರಾತ್ರಿಯ ಬೆಳಕನ್ನು ನೀರಿಗೆ ಬಿಡುತ್ತಾರೆ. ಹೊರಗಿನವರಿಗೆ ಅದು ಕಸ. ಆದರೆ ಕತ್ತಲಲ್ಲಿ ಹುಟ್ಟಿದ ಕೂಸಿಗೆ ದೀಪ ಹತ್ತುವುದು ಆ ನೀರಿನಿಂದಲೇ. ಅಂಗ ಅಪ್ಪ ಅಮ್ಮನಿಂದ ಬರುತ್ತೆ, ಕಿಡಿ ಊರಿನಿಂದ.

ಈಗ ಕೆರೆಯ ಮೇಲ್ಭಾಗದಲ್ಲಿ ಒಂದು ಕಾರ್ಖಾನೆ ಬಂತು ಅನ್ನಿ. ಅದರ ನೀರು ಸೇರಿ ಕೆರೆಯ ಬ್ಯಾಕ್ಟೀರಿಯಾ ಸಾಯತೊಡಗಿತು. ಮಾರನೇ ದಿನ ಏನಾಗುತ್ತೆ? ಏನೂ ಇಲ್ಲ! ದೊಡ್ಡವರ ಎದೆಯಲ್ಲಿ ಶೇ. 5ರಷ್ಟು ದಾಸ್ತಾನು ಇದ್ದೇ ಇದೆ, ಸಂಜೆಗೆ ದೀಪ ಎಂದಿನಂತೆ ಹತ್ತುತ್ತೆ. ಸಭೆಯಲ್ಲಿ ಯಾರಾದರೂ ಎದ್ದು ಹೇಳಿದರೆ, “ನನ್ನ ದೀಪ ಚೆನ್ನಾಗೇ ಉರೀತಿದೆಯಲ್ಲ” ಅಂತಾರೆ. ತಪ್ಪು ಗೊತ್ತಾಗೋದು ಹೊಸ ಕೂಸುಗಳು ಕತ್ತಲಾಗಿಯೇ ಉಳಿದಾಗ. ಕಂಟ್ರೋಲ್ ಸಿಸ್ಟಮ್ಸ್ ಕ್ಲಾಸಿನಲ್ಲಿ ನಾವು ಓದುವ ಡಿಲೇ ಇದೇ. ಫೀಡ್‌ಬ್ಯಾಕ್ ಒಂದು ತಲೆಮಾರು ತಡವಾಗಿ ಬಂದರೆ ಯಾವ ಸಿಸ್ಟಮ್ ತಾನೇ ನಿಂತೀತು?

ನಮ್ಮ ಹೊಟ್ಟೆಯ ಕಥೆ

ಕಲ್ಪನೆ ಇಲ್ಲಿಗೆ ನಿಲ್ಲಿಸಬಹುದಿತ್ತು. ಆದರೆ ನಾವೂ ಅಂಥದೇ ಜನ. 2016ರ ಒಂದು ಅಂದಾಜಿನ ಪ್ರಕಾರ ನಮ್ಮ ದೇಹದಲ್ಲಿ ಸುಮಾರು 30 ಲಕ್ಷ ಕೋಟಿ ಮಾನವ ಜೀವಕೋಶಗಳಿದ್ದರೆ, ಬ್ಯಾಕ್ಟೀರಿಯಾ ಸುಮಾರು 38 ಲಕ್ಷ ಕೋಟಿ. ಹೆಚ್ಚಿನವು ದೊಡ್ಡ ಕರುಳಿನಲ್ಲಿವೆ. ನಮಗೆ ಜೀರ್ಣವಾಗದ ನಾರನ್ನು ಅವು ಒಡೆಯುತ್ತವೆ, ಕೆಲವು ವಿಟಮಿನ್ ಕೆ ತಯಾರಿಸುತ್ತವೆ. ಅವೂ ನಮಗೆ ಬಂದದ್ದು ತಾಯಿಯಿಂದ, ಸುತ್ತಲಿನವರಿಂದ, ಪರಿಸರದಿಂದ.

ಇಂಟರ್ನಲ್ಸ್ ಹತ್ತಿರ ಬಂದಾಗ ನೆಗಡಿ ಆದರೆ ನಾವು ಏನ್ಮಾಡ್ತೀವಿ? ಡಾಕ್ಟರನ್ನು ಕೇಳದೆ, ರೂಮ್‌ಮೇಟ್ ಉಳಿಸಿದ ಎರಡು ಆಂಟಿಬಯಾಟಿಕ್ ಮಾತ್ರೆ ನುಂಗಿಬಿಡ್ತೀವಿ. ಮಾಮೂಲಿ ನೆಗಡಿ ಬರೋದು ವೈರಸ್‌ನಿಂದ, ಅದಕ್ಕೆ ಆ ಮಾತ್ರೆ ನಾಟುವುದೇ ಇಲ್ಲ. ನಾಟುವುದು ಕರುಳಿನ ಬ್ಯಾಕ್ಟೀರಿಯಾಗಳಿಗೆ. ಮಾತ್ರೆಗೆ ಬಗ್ಗದೆ ಬದುಕುಳಿದವು ಮುಂದೆ ಬೇರೆಯವರಿಗೂ ಹರಡಬಹುದು. ನಮಗೇನೋ ನಾಲ್ಕು ದಿನದಲ್ಲಿ ನೆಗಡಿ ತಾನಾಗೇ ಹೋಗುತ್ತೆ, “ಮಾತ್ರೆ ಕೆಲಸ ಮಾಡ್ತು” ಅಂದುಕೊಳ್ತೀವಿ. ಎಲ್ಲರೂ ಹೀಗೇ ಮಾಡುತ್ತಾ ಹೋದರೆ, ನಿಜವಾಗಿ ಬೇಕಾದ ದಿನ ಯಾರಿಗೋ ಅದೇ ಮಾತ್ರೆ ಕೆಲಸ ಮಾಡಲ್ಲ.

ಆ ಕೆರೆಯ ಮೇಲ್ಭಾಗದ ಕಾರ್ಖಾನೆಯನ್ನು ನಾವು ಊಹಿಸಿಕೊಂಡೆವು ಅಷ್ಟೇ. ಡ್ರಾಯರಿನಲ್ಲಿರುವ ಮಾತ್ರೆ ಪಟ್ಟಿ ಮಾತ್ರ ನಿಜದ್ದು.