ಒಂದೇ ಸಾವು, ಎರಡು ನೋಟ: ಗಿರೀಶ್ ಕಾಸರವಳ್ಳಿಯವರ ಸಿನಿಮಾ ಹಾದಿ

ತಾರೆಯರ ಜನಪ್ರಿಯತೆಗೂ ಗಲ್ಲಾಪೆಟ್ಟಿಗೆಯ ಲೆಕ್ಕಾಚಾರಕ್ಕೂ ಕಥೆಯನ್ನು ಒಪ್ಪಿಸದೆ, ಏನನ್ನು ಹೇಳಬೇಕು, ಹೇಗೆ ಹೇಳಬೇಕು ಎಂಬೆರಡನ್ನೂ ನಿರ್ದೇಶಕರೇ ತೀರ್ಮಾನಿಸುವ ಚಿತ್ರವನ್ನು ಸ್ವತಂತ್ರ ಸಿನಿಮಾ ಎನ್ನಬಹುದು. ಕನ್ನಡದಲ್ಲಿ ಈ ಹಾದಿಯನ್ನು ನಾಲ್ಕು ದಶಕಗಳಿಗೂ ಮಿಗಿಲಾಗಿ ತುಳಿದವರು ಗಿರೀಶ್ ಕಾಸರವಳ್ಳಿ. ಅವರ ಪ್ರಯೋಗಶೀಲತೆಯ ತಿರುಳು ಸ್ಪಷ್ಟವಾಗಿ ಕಾಣುವುದು ರಾಯಚೂರು ಜಿಲ್ಲೆಯ ಕಥೆಗಾರ ಅಮರೇಶ ನುಗಡೋಣಿಯವರ ‘ಸವಾರಿ’ ಕಥೆಯನ್ನು ಆಧರಿಸಿದ ‘ಕನಸೆಂಬೋ ಕುದುರೆಯನೇರಿ’ಯಲ್ಲಿ.

ತೀರ್ಥಹಳ್ಳಿ ತಾಲ್ಲೂಕಿನ ಕೆಸಲೂರಿನವರಾದ ಕಾಸರವಳ್ಳಿ, ಮಣಿಪಾಲದಲ್ಲಿ ಔಷಧ ವಿಜ್ಞಾನ ಓದಿದ ಮೇಲೆ ಪುಣೆಯ ಚಲನಚಿತ್ರ ಸಂಸ್ಥೆಯನ್ನು ಸೇರಿದರು. ವ್ಯಾಸಂಗದ ಕೊನೆಗೆ ವಿದ್ಯಾರ್ಥಿ ಸಿದ್ಧಪಡಿಸಬೇಕಾದ ಡಿಪ್ಲೊಮಾ ಚಿತ್ರವಾಗಿ ಅವರು ತೆಗೆದ ‘ಅವಶೇಷ್’ ರಾಷ್ಟ್ರಪ್ರಶಸ್ತಿ ಪಡೆಯಿತು. ಬಿ.ವಿ. ಕಾರಂತರ ‘ಚೋಮನ ದುಡಿ’ಯಲ್ಲಿ ಸಹಾಯಕರಾಗಿ ದುಡಿದ ಅವರು, ಯು.ಆರ್. ಅನಂತಮೂರ್ತಿಯವರ ಕಥೆಯನ್ನು ಆಧರಿಸಿ 1977ರಲ್ಲಿ ‘ಘಟಶ್ರಾದ್ಧ’ವನ್ನು ನಿರ್ದೇಶಿಸಿದರು. ವಿಧವೆಯೊಬ್ಬಳನ್ನು ಸಮಾಜದಿಂದ ಹೊರಹಾಕುವ ಕ್ರೌರ್ಯವನ್ನು ಬಾಲಕನೊಬ್ಬನ ಕಣ್ಣಿನಿಂದ ತೋರಿಸಿದ ಈ ಚಿತ್ರ, ದೇಶದ ಅತ್ಯುತ್ತಮ ಕಥಾಚಿತ್ರಕ್ಕೆ ಸಲ್ಲುವ ಸ್ವರ್ಣಕಮಲವನ್ನು ಗಳಿಸಿತು. ‘ತಬರನ ಕಥೆ’, ‘ತಾಯಿ ಸಾಹೇಬ’, ‘ದ್ವೀಪ’ ಚಿತ್ರಗಳಿಗೂ ಅದೇ ಗೌರವ ಸಂದಿತು.

ಸಾಹಿತ್ಯ ಕೃತಿಯನ್ನು ಅವರು ಇದ್ದಂತೆಯೇ ತೆರೆಗೆ ತರುವುದಿಲ್ಲ. ವೈದೇಹಿಯವರ ಕಥೆಯಿಂದ ಹುಟ್ಟಿದ ‘ಗುಲಾಬಿ ಟಾಕೀಸು’ ಚಿತ್ರವನ್ನು ಅವರು ಕಾರ್ಗಿಲ್ ಯುದ್ಧದ ಕಾಲಕ್ಕೆ ಒಯ್ದು, ಕರಾವಳಿಯ ಮೀನುಗಾರರ ನಡುವೆ ಟಿ.ವಿ. ಹಾಗೂ ಕೋಮುಭಾವನೆ ಒಟ್ಟೊಟ್ಟಿಗೆ ಕಾಲಿಟ್ಟ ಬಗೆಯನ್ನು ಪರಿಶೀಲಿಸಿದರು.

‘ಕನಸೆಂಬೋ ಕುದುರೆಯನೇರಿ’ಯಲ್ಲಿ ಪ್ರಯೋಗ ನಿರೂಪಣೆಯ ರಚನೆಗೇ ಇಳಿಯುತ್ತದೆ. ಹೆಣ ಹೂಳಲು ಕುಣಿ ತೋಡುವ ಈರ್ಯನ ಕನಸಿನಲ್ಲಿ ಸಿದ್ಧಪುರುಷ ಕಾಣಿಸಿಕೊಂಡರೆ ಊರಿನಲ್ಲಿ ಯಾರಾದರೂ ಸಾಯುತ್ತಾರೆಂಬುದು ಅವನ ನಂಬಿಕೆ. ಆದರೆ ಊರೊಡೆಯರ ಮನೆಯಾದ ವಾಡೆಯ ಹಿರಿಯ ಗೌಡನ ಸಾವನ್ನು ಒಳಗಿನವರು ಸ್ವಾರ್ಥಕ್ಕಾಗಿ ಮುಚ್ಚಿಡುವುದರಿಂದ ಕನಸು ಸುಳ್ಳಾಯಿತೆಂದು ಅವನು ಕುಸಿಯುತ್ತಾನೆ. ಇದನ್ನು ಒಂದೇ ಸರಳರೇಖೆಯಲ್ಲಿ ಹೇಳದೆ, ಅದೇ ಘಟನೆಯನ್ನು ಒಮ್ಮೆ ಈರ್ಯನ ಕಡೆಯಿಂದಲೂ ಮತ್ತೊಮ್ಮೆ ವಾಡೆಯ ಕಡೆಯಿಂದಲೂ ತೋರಿಸುವುದರಿಂದ, ಬಡವನ ನಂಬಿಕೆಯನ್ನು ಮೌಢ್ಯವೆಂದು ಬದಿಗೊತ್ತಿದ ಪ್ರೇಕ್ಷಕರೇ ತಮ್ಮ ತೀರ್ಪನ್ನು ಮರಳಿ ತೂಗಬೇಕಾಗುತ್ತದೆ. ವೈಜನಾಥ ಬಿರಾದಾರ ಮತ್ತು ಉಮಾಶ್ರೀ ನಟಿಸಿದ ಈ ಚಿತ್ರಕ್ಕೆ 2009ನೇ ಸಾಲಿನ ಅತ್ಯುತ್ತಮ ಕನ್ನಡ ಚಿತ್ರವೆಂಬ ರಾಷ್ಟ್ರಪ್ರಶಸ್ತಿ ದೊರೆತರೆ, ಗೋಪಾಲಕೃಷ್ಣ ಪೈ ಅವರೊಡನೆ ಕಾಸರವಳ್ಳಿ ಬರೆದ ಚಿತ್ರಕಥೆಯೂ ಪುರಸ್ಕೃತವಾಯಿತು.

ಇಂಥ ಸ್ವಾತಂತ್ರ್ಯ ಒಬ್ಬರಿಂದಲೇ ಸಾಧ್ಯವಾಗುವುದಲ್ಲ. ‘ಘಟಶ್ರಾದ್ಧ’ಕ್ಕೆ ಸದಾನಂದ ಸುವರ್ಣ, ‘ತಾಯಿ ಸಾಹೇಬ’ಕ್ಕೆ ಜಯಮಾಲಾ, ‘ದ್ವೀಪ’ಕ್ಕೆ ಸೌಂದರ್ಯ, ‘ಕನಸೆಂಬೋ ಕುದುರೆಯನೇರಿ’ಗೆ ಬಸಂತಕುಮಾರ ಪಾಟೀಲ ಹಣ ಹೂಡಿದ್ದರಿಂದಲೇ ಆ ಚಿತ್ರಗಳು ಮೂಡಿಬಂದವು. ಪುನರುಜ್ಜೀವನಗೊಂಡ ‘ಘಟಶ್ರಾದ್ಧ’ 2024ರಲ್ಲಿ ವೆನಿಸ್ ಚಿತ್ರೋತ್ಸವದ ತೆರೆಗೆ ಮರಳಿತು. ಆದರೆ ಪ್ರಶಸ್ತಿಗಳಿಗಿಂತ ಹಿರಿದಾದದ್ದು ಈ ಚಿತ್ರಗಳು ಕಲಿಸುವ ಪಾಠ: ಕುಣಿ ತೋಡುವವನ ಅನುಭವಕ್ಕೂ ವಾಡೆಯ ಒಡೆಯನ ಅನುಭವಕ್ಕೂ ಸಮನಾದ ತೂಕ ಕೊಡಬೇಕಾದರೆ, ಕಥೆ ಹೇಳುವ ರೀತಿಯನ್ನೇ ಬದಲಿಸಬೇಕಾಗುತ್ತದೆ.