ನಿಮಗಿದು ಗೊತ್ತೆ? ಕುಂಡದ ಮರಕ್ಕೂ ನಾಲ್ಕು ಶತಮಾನದ ಆಯುಸ್ಸು

ತೇರದಾಳದಿಂದ ಬೋನ್ಸಾಯ್ (ಕುಂಡದಲ್ಲಿ ಕುಳ್ಳಾಗಿ ಬೆಳೆಸಿದ ಮರ) ನೋಡಲು ಹೊರಡುವವರು ಜಪಾನಿಗೇ ಹೋಗಬೇಕಿಲ್ಲ. ಮೈಸೂರಿನ ಗಣಪತಿ ಸಚ್ಚಿದಾನಂದ ಆಶ್ರಮದಲ್ಲಿ ಕಿಷ್ಕಿಂಧಾ ಮೂಲಿಕಾ ಬೋನ್ಸಾಯ್ ಉದ್ಯಾನವಿದೆ. ಮರವನ್ನು ಕುಂಡದಲ್ಲಿ ಕುಗ್ಗಿಸುವುದು ಹಿಂಸೆಯೆಂದು ಹಲವರು ಮರುಗುತ್ತಾರೆ. ಆ ಕರುಣೆ ದೊಡ್ಡದು, ಆದರೆ ಸಾಕ್ಷ್ಯ ಬೇರೆಯೇ ಹೇಳುತ್ತದೆ. 1625ರಿಂದ ಕುಂಡದಲ್ಲಿ ಬೆಳೆದ ಯಾಮಾಕಿ ಮನೆತನದ ಬಿಳಿ ಪೈನ್ ಮರ 1945ರಲ್ಲಿ ಹಿರೋಶಿಮಾದ ಅಣುಬಾಂಬಿನಿಂದಲೂ ಪಾರಾಯಿತು. 1976ರಲ್ಲಿ ಅಮೆರಿಕಕ್ಕೆ ಉಡುಗೊರೆಯಾಗಿ ಹೋಗಿ ವಾಷಿಂಗ್ಟನ್ನಿನಲ್ಲಿ ನೆಲೆಸಿತು. ನರಳುವ ಗಿಡ ಹೀಗೆ ತಲೆಮಾರುಗಟ್ಟಲೆ ಬಾಳದು. ಕುಳ್ಳತನ ತಳಿಯಲ್ಲಿಲ್ಲ, ಆರೈಕೆಯಲ್ಲಿದೆ: ಕೆಲವು ವರ್ಷಕ್ಕೊಮ್ಮೆ ಮಣ್ಣು ಬದಲಿಸಿ ಬೇರು ಸವರಿದಾಗ ಹೊಸ ಬೇರೆಳೆಗಳು ಒಡೆಯುತ್ತವೆ, ಚಿಗುರು ಚಿವುಟಿದರೆ ಎಲೆ ಕಿರಿದಾಗುತ್ತದೆ. ಹಣ್ಣಿನ ಗಾತ್ರ ಮಾತ್ರ ಅಷ್ಟಾಗಿ ಕುಗ್ಗದು. ಅದರ ಬೀಜ ನೆಲದಲ್ಲಿ ಮೊಳೆತರೆ ಹೆಮ್ಮರವೇ ಆಗುತ್ತದೆ.

ಮೈಸೂರಿನದು ಅಸಲಿ ಜಪಾನಿ ಕಲೆಯಲ್ಲ ಎಂಬ ತಕರಾರೂ ನಿಲ್ಲದು. ಜಪಾನೇ ಇದನ್ನು ಚೀನಾದಿಂದ ಕಲಿತು ತನ್ನ ಪೈನ್, ಮೇಪಲ್ ಮರಗಳಿಗೆ ಒಗ್ಗಿಸಿಕೊಂಡಿತು. ನಮ್ಮ ಆಲ, ಅರಳಿ, ಹುಣಸೆ ಅಷ್ಟೇ ಚೆನ್ನಾಗಿ ಒಗ್ಗುತ್ತವೆ. ಕಲೆ ಎಲ್ಲಿಯದಾದರೂ ಮರಕ್ಕೆ ಬೇಕಾದ್ದು ಹಿತವಾದ ನೆಲ-ನೀರು. ಅದರ ಮಹತ್ವ ಜಪಾನಿನವರಿಗೂ ಗೊತ್ತು: 1923ರ ಭೂಕಂಪದ ನಂತರ ಟೋಕಿಯೋದ ಬೋನ್ಸಾಯ್ ತೋಟಗಾರರು ಒಳ್ಳೆಯ ಮಣ್ಣು, ಶುದ್ಧ ನೀರು ಹುಡುಕಿಕೊಂಡು ಓಮಿಯಾಕ್ಕೆ ಹೋಗಿ 1925ರಲ್ಲಿ ಬೋನ್ಸಾಯ್ ಹಳ್ಳಿಯನ್ನೇ ಕಟ್ಟಿದರು. ನೋಡಲು ಹೋದಾಗ ಮೇಲಿನಿಂದ ಕಣ್ಣು ಹಾಯಿಸಬೇಡಿ. ಪ್ರತಿ ಬೋನ್ಸಾಯಿಗೂ ಒಂದು ಮುಂಬದಿ ಇರುತ್ತದೆ. ಬಗ್ಗಿ, ಕಾಂಡದ ಮಟ್ಟಕ್ಕೆ ಕಣ್ಣಿಟ್ಟು ಬುಡದಿಂದ ತುದಿಯವರೆಗೆ ನಿಧಾನವಾಗಿ ನೋಡಿ.